ಬಾಲಯೇಸುವಿನ ತಲೆ ಒಡೆದವರು ಯಾರು?

"ಪ್ರಶ್ನೆ ಬರೆಯೋದು ನೀನು, ಓದೋದು ನಾನು. ನೀನು ಮೂಲೇಲಿ ಕೂತ್ಕೊಂಡು ಜ್ಯೂಸ್ ಕುಡೀತಿರು, ಸಾಕು" ಎಂದು ಗ್ರೋನ್ಯಾ ಮೊದಲೇ ಮಾತು ಕೊಟ್ಟಿದ್ದಳು. ಅದಕ್ಕೇ ನಾನು ಹೂಂ ಅಂದದ್ದು.

ನನ್ನ ಅಕ್ಕ ಈಮರ್‌ಳ ಮದುವೆಗೆ ಮುಂಚಿನ ಶನಿವಾರ ನಾವು ಹೆಂಗಸರೆಲ್ಲ ಸೇರಿ ಅವಳಿಗೆ ಹೇಂಟೆ ಪಾರ್ಟಿ ಮಾಡುವುದೆಂದು ನಿಶ್ಚಯವಾಗಿತ್ತು. ಹೇಂಟೆ ಪಾರ್ಟಿ ಅಂದಮೇಲೆ ಮದುಮಗಳ ತಲೆಯ ಮೇಲೊಂದು ಅಗ್ಗದ ಬಲೆಯ ಮುಸುಕು ಇರಬೇಕು, ಎದೆಗೆ ಅಡ್ಡವಾಗಿ ಗುಲಾಬಿ ಪಟ್ಟಿ ಇರಬೇಕು, ಅವಳ ಮಾನ ಹರಾಜು ಹಾಕಲು ಒಂದು ಕ್ವಿಜ್ ಇರಬೇಕು. ನಮ್ಮ ಮೇಯೋ ಜಿಲ್ಲೆಯ ಕಡೆ ಕ್ವಿಜ್ ಇಲ್ಲದೆ ಯಾವುದೂ ನಡೆಯುವುದಿಲ್ಲ. ಶಾಲೆಯ ಮಾಡು ಸೋರಿದರೂ ಕ್ವಿಜ್, ಫುಟ್‌ಬಾಲ್ ಹುಡುಗರಿಗೆ ಹೊಸ ಅಂಗಿ ಬೇಕಾದರೂ ಕ್ವಿಜ್. ಪಬ್ಬಿನಲ್ಲಿ ಟೇಬಲ್ಲಿಗೊಂದು ತಂಡ ಕೂರುತ್ತದೆ, ಮಳೆ ಹೊರಗೆ ಸುರಿಯುತ್ತದೆ, ಒಳಗೆ ಜಗಳ ಶುರುವಾಗುತ್ತದೆ.

ಗ್ರೋನ್ಯಾ ಈಮರ್‌ಳ ಬಾಲ್ಯದ ಗೆಳತಿ, ಹೆರಿಗೆ ವಾರ್ಡಿನ ನರ್ಸು. ಮೈಕಿಲ್ಲದೆ ಊರಿಗೆಲ್ಲ ಕೇಳಿಸುವ ಗಂಟಲು ಅವಳದು. ನನಗೆ ಅದೇ ಬೇಕಾಗಿತ್ತು. ಯಾಕೆಂದರೆ ಈ ಕ್ವಿಜ್ಜಿನಲ್ಲಿ ನನ್ನದೊಂದು ಗುಟ್ಟಿನ ಕೆಲಸವಿತ್ತು: ಈಮರ್‌ಗೆ ಥ್ಯಾಂಕ್ಸ್ ಹೇಳುವುದು. ಮದುವೆ ದಿನದ ಭಾಷಣ ಅಪ್ಪನದು, ಮದುಮಗನದು, ಅವನ ಗೆಳೆಯನದು. ತಂಗಿಗೆ ಸರದಿ ಇಲ್ಲ. ಇದ್ದಿದ್ದರೂ ನಾನು ಎದ್ದು ನಿಲ್ಲುತ್ತಿರಲಿಲ್ಲ. ಡೈರಿಯಲ್ಲಿ ಎಷ್ಟೋ ಸಲ ಬರೆದಿದ್ದೇನೆ. ಆದರೆ ಡೈರಿಯಲ್ಲಿ ಹೇಳಿದ್ದು ಅವಳ ಕಿವಿಗೆ ಬೀಳುವುದಿಲ್ಲವಲ್ಲ. ಒಂದು ಪ್ರಶ್ನೆಯ ಉತ್ತರದೊಳಗೆ ಅದನ್ನು ಅಡಗಿಸಿಟ್ಟರೆ, ಗ್ರೋನ್ಯಾ ತನ್ನ ದೊಡ್ಡ ಗಂಟಲಲ್ಲಿ ಓದಿಬಿಟ್ಟರೆ, ನಾನು ಲೋಟ ನೋಡುತ್ತ ಕೂತಿರಬಹುದು. ಕೆಲಸ ಆಗಿಹೋಗಿರುತ್ತದೆ.

ಚಿಕ್ಕವಳಿದ್ದಾಗ ನಾನು ಈಮರ್ ಒಬ್ಬಳ ಹತ್ತಿರ ಬಿಟ್ಟು ಇನ್ಯಾರ ಹತ್ತಿರವೂ ಮಾತಾಡುತ್ತಿರಲಿಲ್ಲ. ಅಮ್ಮನ ಹತ್ತಿರವೂ ಇಲ್ಲ. ಯಾಕೆಂದು ನನಗೆ ಈಗಲೂ ಗೊತ್ತಿಲ್ಲ. ಮಾತು ಒಳಗೆ ಇರುತ್ತಿತ್ತು, ಬಾಗಿಲ ಹತ್ತಿರ ಬಂದು ನಿಂತುಬಿಡುತ್ತಿತ್ತು. ಯಾರಾದರೂ ಏನಾದರೂ ಕೇಳಿದರೆ ನಾನು ಈಮರ್‌ಳ ಕಿವಿಯಲ್ಲಿ ಪಿಸುಗುಡುತ್ತಿದ್ದೆ, ಅವಳು ಸಭೆಗೆ ಸಾರುತ್ತಿದ್ದಳು. "ಅವಳಿಗೆ ಹಸಿರು ಜೆಲ್ಲಿ ಬೇಡವಂತೆ." "ಅವಳಿಗೆ ಕಾಲುಚೀಲ ಚುಚ್ಚುತ್ತಂತೆ." ಒಮ್ಮೆ ಪಾದ್ರಿಗಳಿಗೆ, "ಅವಳಿಗೆ ನಿಮ್ಮ ನಾಯಿ ಇಷ್ಟವಂತೆ ಫಾದರ್, ನಿಮ್ಮ ವಿಷಯ ಏನೂ ಹೇಳಲಿಲ್ಲ." ನನ್ನ ಬಾಲ್ಯವೆಲ್ಲ ಈ 'ಅಂತೆ'ಯಲ್ಲೇ ಕಳೆಯಿತು. ಆಮೇಲೆ ಮಾತು ಬಂತು, ಶಾಲೆ ಮುಗಿಯಿತು, ಗಾಲ್ವೆಯಲ್ಲಿ ಪದವಿಯೂ ಆಯಿತು. ಆದರೂ ಹಲ್ಲಿನ ಡಾಕ್ಟರಿಗೆ ನನ್ನ ಪರವಾಗಿ ಫೋನ್ ಮಾಡುವವಳು ಇವತ್ತಿಗೂ ಈಮರ್. ಮದುವೆಯಾದ ಮೇಲೆ ಅವಳು ದೂರದ ಕೆರ್ರಿಗೆ, ಗಂಡನ ಊರಿಗೆ ಹೋಗಿಬಿಡುತ್ತಾಳೆ.

ಪ್ರಶ್ನೆ ಕೂಡಿಸುವುದು ನಾನು ಅಂದುಕೊಂಡಷ್ಟು ಕಷ್ಟವಾಗಲಿಲ್ಲ. ಬರೆದು ಕೇಳಿದರೆ ಜನ ಎಷ್ಟು ಬೇಕಾದರೂ ಹೇಳುತ್ತಾರೆ. ಮದುಮಗ ಡೋನಲ್ ತನ್ನ ಬ್ರೆಡ್ಡಿನ ವ್ಯಾನಿನೊಳಗೆ ಕೂತು ಉತ್ತರಗಳನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ ಕಳಿಸಿದ. "ಸಿಟ್ಟು ಬಂದ್ರೆ ಏನ್ಮಾಡ್ತಾಳೆ ಅಂತಾನಾ? ಪಾತ್ರೆ ತೊಳೀತಾಳೆ. ತೊಳೆದಿಟ್ಟಿರೋ ಪಾತ್ರೇನೇ ತೊಳೀತಾಳೆ. ಇದನ್ನ ನಾನು ಹೇಳ್ದೆ ಅಂತ ಹೇಳ್ಬೇಡ್ವೇ ನೆಸ್ಸಾ." ಗ್ರೋನ್ಯಾ ಕಳಿಸಿದ ಪ್ರಶ್ನೆಗಳನ್ನು ಟೈಪ್ ಮಾಡುವಾಗ, ಕೋಣೆಯಲ್ಲಿ ಒಬ್ಬಳೇ ಇದ್ದರೂ, ನನ್ನ ಕಿವಿ ಬಿಸಿಯಾಯಿತು. ಮೊದಲ ಮುತ್ತಿನ ಪ್ರಶ್ನೆಯನ್ನು ಇಟ್ಟುಕೊಂಡೆ. ಅದರ ನಂತರದ್ದನ್ನು ಬಿಟ್ಟೆ.

ಕೊನೆಯ ಪ್ರಶ್ನೆ ಮಾತ್ರ ನನ್ನದೇ. ಅದು ನಮ್ಮ ಅಡುಗೆಮನೆಯ ಕಿಟಕಿಯಲ್ಲಿ ಕೂತಿತ್ತು.

ಪ್ರಾಗ್‌ನ ಬಾಲಯೇಸು: ಕೆಂಪು ನಿಲುವಂಗಿ, ತಲೆಗಿಂತ ದೊಡ್ಡ ಕಿರೀಟ, ಮೊಳದುದ್ದದ ಗಾರೆಯ ಗೊಂಬೆ. ಮದುವೆಯ ಮುನ್ನಾದಿನ ಅದನ್ನು ಬೇಲಿಯ ಬುಡದಲ್ಲಿಟ್ಟರೆ ಮರುದಿನ ಮಳೆ ಬಾರದು. ಅದರ ತಲೆ ಮುರಿದಿದ್ದರಂತೂ ಬಿಸಿಲು ಖಾತ್ರಿ. ಆದರೆ ಬೇಕೆಂದೇ ಮುರಿಯುವ ಹಾಗಿಲ್ಲ, ಕೈತಪ್ಪಿಯೇ ಆಗಬೇಕು. ನಮ್ಮದು ತಲೆ ಮುರಿದದ್ದು. ಸುತ್ತಲಿನ ಮದುವೆಗಳಿಗೆಲ್ಲ ಅದು ಕಂಬಳಿ ಸುತ್ತಿಕೊಂಡು ಕಾರಿನ ಮುಂದಿನ ಸೀಟಿನಲ್ಲಿ ಹೋಗಿಬರುತ್ತದೆ. ಹೀಗಾಗಿ ಅದನ್ನು ಮುರಿದದ್ದು ನಮ್ಮ ಮನೆಯಲ್ಲಿ ತಪ್ಪಲ್ಲ, ಬಿರುದು. ಆ ಬಿರುದಿಗೆ ಮೂವರು ಹಕ್ಕುದಾರರು.

"ಧೂಳು ಹೊಡೀವಾಗ ನನ್ನ ಕೈಯಿಂದಲೇ ಬಿದ್ದಿದ್ದು" ಎನ್ನುತ್ತಾಳೆ ಅಮ್ಮ.

"ನಿನ್ನ ಕೈಯಿಂದ ಏನೂ ಬಿದ್ದಿಲ್ಲ. ನನ್ನ ಹ್ಯಾಂಡ್‌ಬ್ಯಾಗ್ ತಗಲಿ ಬಿದ್ದಿದ್ದು, ನನ್ನ ಮದುವೆ ಹಿಂದಿನ ದಿನ. ಮಾರನೇ ದಿನ ಎಂಥಾ ಬಿಸಿಲು! ಪಾದ್ರಿಗಳ ಬೋಳುತಲೆ ಸುಟ್ಟುಹೋಯ್ತು" ಎನ್ನುತ್ತಾಳೆ ಅಸಂಪ್ಟಾ ಚಿಕ್ಕಮ್ಮ.

"ನಾನು ಒಳಗೆ ಚೆಂಡು ಒದ್ದಿದ್ದು" ಎನ್ನುತ್ತಾಳೆ ಈಮರ್. ಅವಳ ಹಕ್ಕು ಬಿದ್ದುಹೋಗುವುದು ಅಲ್ಲೇ. ಅಡುಗೆಮನೆಯಲ್ಲಿ ಚೆಂಡು ಒದೆಯುವುದು ಕೈತಪ್ಪಲ್ಲ, ಪುಂಡಾಟ ಎಂದು ಚಿಕ್ಕಮ್ಮ ಪ್ರತಿ ಕ್ರಿಸ್ಮಸ್‌ಗೂ ತೀರ್ಪು ಕೊಡುತ್ತಾಳೆ. ಈಮರ್ ನಕ್ಕು ಸುಮ್ಮನಾಗುತ್ತಾಳೆ.

ನನ್ನನ್ನು ಯಾರೂ ಕೇಳಿರಲಿಲ್ಲ. ಆ ಕಾಲಕ್ಕೆ ನಾನು ಮಾತಾಡುತ್ತಿರಲಿಲ್ಲ. ಮಾತಾಡದವಳು ನೋಡಿರಬಹುದು ಎಂದು ಯಾರಿಗೂ ಹೊಳೆಯಲಿಲ್ಲ.

ಕಾರ್ಡಿನ ಹಿಂದೆ ಉತ್ತರ ಬರೆದೆ: 'ಈಮರ್. ಚೆಂಡಿನಿಂದಲ್ಲ, ನೆಸ್ಸಾಳಿಗೋಸ್ಕರ.' ಅದರ ಕೆಳಗೆ ಆ ದಿನ ನಡೆದದ್ದು, ಅದರ ಕೆಳಗೆ ಥ್ಯಾಂಕ್ಸ್. ಗ್ರೋನ್ಯಾಗೆ ಓದಲು ಸುಲಭವಾಗಲೆಂದು ದೊಡ್ಡ ಅಕ್ಷರದಲ್ಲಿ.

ಶನಿವಾರ ಮಧ್ಯಾಹ್ನ ಪಬ್ಬಿನ ಹಿಂದಿನ ಕೋಣೆ ತುಂಬಿತು. ಸ್ಯಾಂಡ್‌ವಿಚ್ಚು, ಸಾಸೇಜು, ಬಲೂನು. ಈಮರ್‌ಳ ಮುಸುಕು ಆಗಲೇ ಒಂದು ಕಡೆ ಜಾರಿತ್ತು. ಅಮ್ಮ, ಚಿಕ್ಕಮ್ಮ, ಡೋನಲ್‌ನ ತಾಯಿ ಬ್ರೀಜ್ ಮೂವರೂ ಒಂದು ಟೇಬಲ್ಲು ಹಿಡಿದು ತಮ್ಮ ತಂಡಕ್ಕೆ 'ಮುದಿ ಹೇಂಟೆಗಳು' ಎಂದು ಹೆಸರಿಟ್ಟುಕೊಂಡರು. ಬ್ರೀಜ್ ನಿವೃತ್ತ ಟೀಚರು. ಕೆರ್ರಿಯಲ್ಲಿ ಊರ ಕ್ವಿಜ್‌ಗಳನ್ನೆಲ್ಲ ನಡೆಸುವವರು ಅವರೇ. ಪೆನ್ಸಿಲ್ಲನ್ನೂ ಮನೆಯಿಂದಲೇ ತಂದಿದ್ದರು. ಈಮರ್ ಗೆಳತಿಯರ ಟೇಬಲ್ಲಿನಲ್ಲಿ ಕೂತಳು.

ನಾನು ಮೂಲೆಯಲ್ಲಿ ಕೂತೆ.

ಚೆನ್ನಾಗಿಯೇ ನಡೆಯಿತು. ಪಾತ್ರೆ ತೊಳೆಯುವ ಉತ್ತರಕ್ಕೆ ಬ್ರೀಜ್ ಕೆಮ್ಮುವಷ್ಟು ನಕ್ಕರು. "ನನ್ನ ಮಗನೂ ಹಾಗೇ ಕಣಮ್ಮ, ಇಬ್ಬರೂ ಜಗಳ ಆಡಿದ್ರೆ ಸಿಂಕಿನ ಹತ್ರ ಜಾಗ ಸಾಲಲ್ಲ!" ಮೊದಲ ಮುತ್ತು ಶಾಲಾ ಬಸ್ಸಿನಲ್ಲಿ ಎಂದಾಗ ಅಮ್ಮ, "ಯಾವ ಹುಡುಗನೇ ಅದು? ಮೀನಂಗಡಿಯವರ ಮಗಾನಾ? ಅದಕ್ಕೇನಾ ಆ ವರ್ಷವೆಲ್ಲ ನಮಗೆ ಮೀನು ಅಷ್ಟು ದಂಡಿಯಾಗಿ ಕೊಡ್ತಿದ್ದಿದ್ದು?" ಎಂದಳು. ನಾನು ಬರೆದ ಸಾಲುಗಳಿಗೆ ಜನ ನಗುತ್ತಿದ್ದರು. ನನಗೆ ಒಳಗೊಳಗೇ ಹಿತವಾಗಿತ್ತು.

ಆಮೇಲೆ ಕೊನೆಯ ಕಾರ್ಡು ಬಂತು. ಎಲ್ಲರೂ ಬರೆದು ಮುಗಿಸಿದರು. ಗ್ರೋನ್ಯಾ ಕಾರ್ಡು ತಿರುಗಿಸಿ ಓದಿದಳು: "ಬಾಲಯೇಸುವಿನ ತಲೆ ಒಡೆದವರು... ಈಮರ್!"

ಮುಂದಿನ ಅಕ್ಷರ ಅವಳ ಬಾಯಿಂದ ಬರಲೇ ಇಲ್ಲ. 

"ಆಕ್ಷೇಪಣೆ!" ಅಮ್ಮ ಎದ್ದಳು.

"ಮೋಸ!" ಚಿಕ್ಕಮ್ಮನೂ ಎದ್ದಳು. "ನನ್ನ ಹ್ಯಾಂಡ್‌ಬ್ಯಾಗು! ಆ ಬ್ಯಾಗನ್ನ ಇನ್ನೂ ಇಟ್ಟಿದ್ದೀನಿ ಕಣ್ರೇ, ಬೇಕಾದ್ರೆ ತಂದು ತೋರಿಸ್ತೀನಿ!"

"ಬ್ಯಾಗೇನು ಸಾಕ್ಷಿ ಹೇಳುತ್ತಾ? ಕೂತ್ಕೋ ಅಸಂಪ್ಟಾ!"

"ನೀನು ಕೂತ್ಕೋ!"

"ಚೆಂಡು ಒದ್ದಿದ್ದು ಲೆಕ್ಕಕ್ಕಿಲ್ಲ!"

"ಸ್ವಲ್ಪ ಕೇಳ್ರಮ್ಮಾ, ಕಾರ್ಡಲ್ಲಿ ಇನ್ನೂ ಬರೆದಿದೆ..." ಎಂದಳು ಗ್ರೋನ್ಯಾ. ಊರಿಗೆಲ್ಲ ಕೇಳಿಸುವ ಆ ಗಂಟಲು ಅವತ್ತು ಪಕ್ಕದ ಟೇಬಲ್ಲಿಗೂ ಕೇಳಿಸಲಿಲ್ಲ.

ಬ್ರೀಜ್ ತಮ್ಮ ಪೆನ್ಸಿಲ್ಲಿನಿಂದ ಲೋಟಕ್ಕೆ ಟಣ್ ಟಣ್ ಎಂದು ಬಡಿದರು. ಕೋಣೆ ತಣ್ಣಗಾಯಿತು. ಟೀಚರುಗಳ ಕೈಯಲ್ಲಿ ಅದೇನಿರುತ್ತದೋ.

"ಆಕ್ಷೇಪಣೆ ಬಂದ ಮೇಲೆ ಕಾರ್ಡು ಓದೋ ಹಾಗಿಲ್ಲ. ಓದುವವಳ ಮಾತೂ ನಡೆಯೋ ಹಾಗಿಲ್ಲ. ಪ್ರಶ್ನೆ ಹಾಕಿದವರು ಎದ್ದು ನಿಂತು ಬಾಯಾರೆ ತೀರ್ಪು ಕೊಡಬೇಕು. ಕೊಟ್ಟ ಮೇಲೆ ಮುಗೀತು, ಬಿಷಪ್ಪರೇ ಬಂದ್ರೂ ಬದಲಾಯಿಸೋ ಹಾಗಿಲ್ಲ. ನಿಮ್ಮ ಕಡೇನೂ ಇದೇ ತಾನೇ ರೂಲು?"

ನಮ್ಮ ಕಡೆಯೂ ಅದೇ ರೂಲು. ನನಗೂ ಗೊತ್ತಿತ್ತು. ಎಲ್ಲವನ್ನೂ ಯೋಚಿಸಿದ್ದವಳು ಅದೊಂದನ್ನೇ ಮರೆತಿದ್ದೆ.

"ಯಾರು ಪ್ರಶ್ನೆ ಹಾಕಿದ್ದು?" ಎಂದರು ಬ್ರೀಜ್.

ಎಲ್ಲರೂ ಮೂಲೆಗೆ ತಿರುಗಿದರು. ಒಳಗೆ ಎಲ್ಲ ಮಾತುಗಳೂ ಸಾಲಾಗಿ ನಿಂತಿದ್ದವು. ಹಳೆಯ ಅಭ್ಯಾಸದಂತೆ ಬಾಗಿಲ ಹತ್ತಿರ ಬಂದು ನಿಂತವು. ಈಮರ್ ನನ್ನ ಮುಖ ನೋಡಿದಳು. ಅವಳಿಗೆ ಆ ಮುಖ ಗೊತ್ತು. ಮುಸುಕು ಸರಿಸಿಕೊಂಡು ಎದ್ದಳು.

"ಅವಳು ಹೇಳೋದೇನಂದ್ರೆ..."

"ಸ್ಪರ್ಧಿ ಬಾಯಿ ಬಿಡೋ ಹಾಗಿಲ್ಲ!" ಎಂದರು ಬ್ರೀಜ್. ತಮ್ಮ ಸೊಸೆಯಾಗುವವಳಿಗೆ ಪೆನ್ಸಿಲ್ ತೋರಿಸಿ ಕೂರಿಸಿದರು. "ಸೊಸೆ ಅಂತ ಬಿಡಲ್ಲ ನಾನು."

ಈಮರ್ ಕೂತಳು. ಆದರೆ ನನ್ನಿಂದ ಕಣ್ಣು ತೆಗೆಯಲಿಲ್ಲ. ಬೇಡವಾದರೆ ಬೇಡ ಬಿಡು ಎನ್ನುವ ಹಾಗೆ ತಲೆಯಲ್ಲಾಡಿಸಿದಳು. ನಾನು ಸುಮ್ಮನಿದ್ದುಬಿಟ್ಟರೂ ಅವಳು ಏನೂ ಅಂದುಕೊಳ್ಳುತ್ತಿರಲಿಲ್ಲ. ಅದು ಗೊತ್ತಿದ್ದದ್ದಕ್ಕೇ ನನಗೆ ಸುಮ್ಮನಿರಲು ಆಗಲಿಲ್ಲ.

ಎದ್ದು ನಿಂತೆ. ಕುರ್ಚಿ ಕಿರ್ರೆಂದಿತು.

"ಅಸಂಪ್ಟಾ ಚಿಕ್ಕಮ್ಮನ ಮದುವೆ ಹಿಂದಿನ ದಿನ" ಎಂದೆ. ನನ್ನ ದನಿ ನನಗೇ ಸಣ್ಣದಾಗಿ ಕೇಳಿತು. "ಅಡುಗೆಮನೆ ತುಂಬಾ ನೆಂಟರು. ಅಮ್ಮ, ನೀನು ಮಹಡಿ ಮೇಲೆ ಚಿಕ್ಕಮ್ಮನ ಗೌನಿಗೆ ಪಿನ್ ಹಾಕ್ತಿದ್ದೆ. ಬಾಸ್ಟನ್ನಿಂದ ಬಂದಿದ್ದ ದೊಡ್ಡಪ್ಪ ನನ್ನನ್ನ ಗೋಡೆಗೆ ಆನಿಸಿ ನಿಲ್ಲಿಸಿದ್ರು. ಶರಬತ್ತಿನ ಬಾಟ್ಲಿ ಎತ್ತಿ ಹಿಡಿದು, 'ಒಂದು ಮಾತಾಡು, ಕೊಡ್ತೀನಿ' ಅಂತಿದ್ರು. ಎಲ್ಲರೂ ನಗ್ತಾ ನನ್ನನ್ನೇ ನೋಡ್ತಿದ್ರು. ಬಾಗಿಲ ಕಡೆ ಮುಖ ಇದ್ದಿದ್ದು ನನಗೊಬ್ಬಳಿಗೇ."

ಕೈಯಲ್ಲಿದ್ದ ಲೋಟವನ್ನು ಟೇಬಲ್ಲಿನ ಮೇಲಿಟ್ಟೆ.

"ಈಮರ್ ಬಾಲಯೇಸುನ ಎರಡು ಕೈಲೂ ಹಿಡ್ಕೊಂಡು ಹೊರಗೆ ಹೊರಟಿದ್ಲು, ಬೇಲಿ ಹತ್ರ ಇಡೋಕೆ. ನನ್ನನ್ನ ನೋಡಿದ್ಲು. ನೋಡಿದ್ದೇ ಓಡಿ ಬಂದ್ಲು. ಗೊಂಬೇನ ಕಿಟಕಿ ಮೇಲೆ ಇಡೋಕೆ ಹೋಗಿ, ಅಂಚಿಗೆ ತಗಲಿಸಿದ್ಲು, ತಲೆ ಕಳಚಿ ಬಿತ್ತು. ಅವಳು ತಿರುಗಿಯೂ ನೋಡ್ಲಿಲ್ಲ. ಸೀದಾ ಬಂದು ನನ್ನ ಮುಂದೆ ನಿಂತು, 'ಅವಳಿಗೆ ನಿಮ್ಮ ಶರಬತ್ತು ಬೇಡವಂತೆ' ಅಂದ್ಲು. ಅವರೆಲ್ಲ ಹೋದ ಮೇಲೆ ಬಾಯಲ್ಲಿದ್ದ ಚ್ಯೂಯಿಂಗ್ ಗಮ್ ತೆಗೆದು ತಲೆ ಅಂಟಿಸಿದ್ಲು. ಅದು ಗಟ್ಟಿ ನಿಲ್ಲಲಿಲ್ಲ. ಆಮೇಲೆ ಚಿಕ್ಕಮ್ಮನ ಬ್ಯಾಗ್ ತಗಲಿ ಬಿದ್ದಿದ್ದೂ ನಿಜ ಇರ್ಬಹುದು. ಅಮ್ಮ ಧೂಳು ಹೊಡೆದಾಗ ಬಿದ್ದಿದ್ದೂ ನಿಜ ಇರ್ಬಹುದು. ಆದ್ರೆ ಮೊದಲು ಒಡೆದಿದ್ದು ಈಮರ್. ಕೈತಪ್ಪಿ. ಚೆಂಡು ಅನ್ನೋದೇ ಇರ್ಲಿಲ್ಲ. ನನ್ನನ್ನ ಹಾಗೆ ನಿಲ್ಲಿಸಿ ನಕ್ಕಿದ್ದು ಹೊರಗೆ ಬರಬಾರ್ದು ಅಂತ ಅವಳು ಚೆಂಡಿನ ಕಥೆ ಕಟ್ಟಿದ್ದು. ಇಷ್ಟು ವರ್ಷ ಪುಂಡಾಟದವಳು ಅನ್ನಿಸ್ಕೊಂಡಿದ್ದು."

ಇನ್ನೊಂದೇ ಉಳಿದಿತ್ತು. ಉಸಿರೆಳೆದುಕೊಂಡೆ.

"ಅವತ್ತು ಥ್ಯಾಂಕ್ಸ್ ಹೇಳೋಕೆ ನನಗೆ ಬಾಯಿ ಇರ್ಲಿಲ್ಲ. ನೀನೇ ನನ್ನ ಬಾಯಾಗಿದ್ದೆ, ನಿನಗೆ ನೀನೇ ಹೇಳ್ಕೊಳ್ಳೋಕಾಗುತ್ತಾ? ಈಗ ನಾನೇ ಹೇಳ್ತಿದ್ದೀನಿ. ಥ್ಯಾಂಕ್ಸ್ ಈಮರ್. ಎಲ್ಲಾದಕ್ಕೂ. ಉತ್ತರ, ಈಮರ್. ಇದು ತೀರ್ಪು."

ಕೂತೆ. ಮನಸ್ಸು ಬಟ್ಟೆ ಒಗೆದು ಹರವಿದ ಹಿತ್ತಲಿನ ಹಾಗೆ ಹಗುರಾಗಿತ್ತು.

ಮೊದಲು ಬಾಯಿಬಿಟ್ಟವಳು ಅಮ್ಮ. "ಚ್ಯೂಯಿಂಗ್ ಗಮ್ಮಾ! ಅದನ್ನ ಹಳೇ ಕಾಲದ ಗೋಂದು ಅಂದ್ಕೊಂಡು ಉಗುರಲ್ಲಿ ಕೆರೆದು ಕೆರೆದು ತೆಗೆದಿದ್ದೀನಲ್ಲೇ ನಾನು!" ಎಂದಳು. ಬೈಯುವ ದನಿಯೇ, ಆದರೆ ಕರವಸ್ತ್ರ ಕಣ್ಣಿನ ಹತ್ತಿರ ಇತ್ತು. ಚಿಕ್ಕಮ್ಮ ತನ್ನ ಉತ್ತರದ ಹಾಳೆಯಲ್ಲಿ 'ಅಸಂಪ್ಟಾ' ಎಂದು ಬರೆದದ್ದನ್ನು ತಾನೇ ಹೊಡೆದುಹಾಕಿದಳು. "ನನ್ನ ಮದುವೆಯ ಬಿಸಿಲು ಈ ಎರಡು ಮಕ್ಕಳ ಪುಣ್ಯ ಅಂತಾಯ್ತು. ಇರ್ಲಿ. ಎರಡನೇ ಸಲ ಒಡೆದಿದ್ದಕ್ಕೆ ಅರ್ಧ ಮಾರ್ಕಾದ್ರೂ ಕೊಡಿಸೇ ನೆಸ್ಸಾ." 

"ತೀರ್ಪು ಆಯ್ತು" ಎಂದರು ಬ್ರೀಜ್, ಮೂಗು ಒರೆಸಿಕೊಳ್ಳುತ್ತ. "ಅರ್ಧ ಮಾರ್ಕಿಲ್ಲ, ಕಾಲು ಮಾರ್ಕೂ ಇಲ್ಲ."

ಈಮರ್ ಮಾತ್ರ ಹಾಗೇ ಕೂತಿದ್ದಳು. ಮುಸುಕು ಪೂರ್ತಿ ಜಾರಿ ಭುಜದ ಮೇಲೆ ಬಿದ್ದಿತ್ತು. ಗ್ರೋನ್ಯಾ ಅವಳ ಮೊಣಕೈ ತಿವಿದು, "ಏನಾದ್ರೂ ಹೇಳೇ. ಗೆದ್ದಿದ್ದೀಯ!" ಎಂದಳು. ಈಮರ್ ಬಾಯಿ ತೆರೆದಳು, ಮುಚ್ಚಿದಳು, ಮತ್ತೆ ತೆರೆದಳು. ಏನೂ ಬರಲಿಲ್ಲ. ಹುಟ್ಟಿದಾಗಿನಿಂದ ಅವಳು ಹಾಗೆ ಮಾತು ಸಿಗದೆ ಕೂತದ್ದನ್ನು ನಾನು ನೋಡಿರಲಿಲ್ಲ. ಎಲ್ಲರೂ ಕಾಯುತ್ತಿದ್ದರು. ಹಾಗೆ ಎಲ್ಲರೂ ಕಾಯುವುದೆಂದರೆ ಏನೆಂದು ನನಗೆ ಚೆನ್ನಾಗಿ ಗೊತ್ತು.

ಎದ್ದು ಹೋಗಿ ಅವಳ ಪಕ್ಕ ನಿಂತೆ. ಅವಳು ನನ್ನ ತೋಳು ಹಿಡಿದು ಎಳೆದು ಕಿವಿಯಲ್ಲಿ ಪಿಸುಗುಟ್ಟಿದಳು.

ನಾನು ಕೋಣೆಯ ಕಡೆ ತಿರುಗಿದೆ.

"ಅವಳಿಗೆ ಒಂದು ಕಪ್ ಟೀ ಬೇಕಂತೆ" ಎಂದೆ, ಹಿಂದಿನ ಟೇಬಲ್ಲಿಗೂ ಕೇಳಿಸುವ ಹಾಗೆ. "ಉಳಿದಿದ್ದು ಆಮೇಲೆ ಹೇಳ್ತಾಳಂತೆ."