ಶಶಿಧರನ ಆಸ್ತಿ ಪಟ್ಟಿ

“ನನ್ನ ಕಕ್ಷಿದಾರರು ಊಟಕ್ಕೂ ಪರದಾಡುತ್ತಿದ್ದಾರೆ, ಮಹಾಸ್ವಾಮಿ,” ಎಂದು ವಕೀಲ ಶಿವರಾಜ್ ಹೇಳುವಾಗ ಶಶಿಧರ್ ತಲೆ ತಗ್ಗಿಸಿ ನಿಂತಿದ್ದ. ನಾಲ್ಕು ದಿನದ ಗಡ್ಡ, ಮಾಸಿದ ಕಾಲರು, ಕಾಲಿಗೆ ಹವಾಯಿ ಚಪ್ಪಲಿ. ಹಿಂದಿನ ಬೆಂಚಿನಲ್ಲಿದ್ದ ಅಕ್ಕಯಮ್ಮನಿಗೆ ಒಂದು ಗಳಿಗೆ ತನ್ನ ತಮ್ಮನ ಗುರುತೇ ಸಿಗಲಿಲ್ಲ. ಸಿಕ್ಕಮೇಲೆ ಅಸಹ್ಯವಾಯಿತು.

ಬಿಳೇಕಹಳ್ಳಿಯ ಅಪ್ಪನ ರಾಗಿಹೊಲ ಸೈಟುಗಳಾಗಿ ಹಂಚಿಹೋದಾಗ, ಹೆಣ್ಣುಮಗಳೆಂದು ಅವಳಿಗೆ ಬಂದದ್ದು ಒಂದೇ ಸೈಟು. ಅಲ್ಲಿ ಮನೆ ಕಟ್ಟಿಕೊಂಡು, ಗಂಡ ಹೋದಮೇಲೆ ಮಹಡಿಯ ಬಾಡಿಗೆಯಲ್ಲೇ ಜೀವನ ನಡೆಸುತ್ತಿದ್ದಳು. ಒಂಬತ್ತು ವರ್ಷದ ಹಿಂದೆ ಶಶಿಧರ್ ಕಲ್ಯಾಣಮಂಟಪ ಕಟ್ಟಲು ಬ್ಯಾಂಕ್ ಸಾಲ ತೆಗೆದಾಗ, “ಬರೀ ಫಾರ್ಮಾಲಿಟಿ ಅಕ್ಕ,” ಎಂದು ಆ ಮನೆಯ ಪತ್ರವನ್ನೇ ಅಡವಿಡಿಸಿ, ಜಾಮೀನಿಗೆ ಸಹಿ ಹಾಕಿಸಿಕೊಂಡಿದ್ದ. ಮಂಟಪದಲ್ಲಿ ಮದುವೆಗಳು ನಡೆದವು. ಬ್ಯಾಂಕಿಗೆ ಕಂತು ಹೋಗಲಿಲ್ಲ. ಕೊನೆಗೆ ಕೋರ್ಟು ಕನಿಕರಪಟ್ಟು ಬಾಕಿಯನ್ನು ಹನ್ನೆರಡು ಕಂತು ಮಾಡಿ ತನ್ನ ಮುಂದೆಯೇ ಕಟ್ಟಿಸಿಕೊಳ್ಳುತ್ತಿತ್ತು. ಎರಡು ಕಂತು ಕಟ್ಟುವಷ್ಟರಲ್ಲಿ ಶಶಿಧರನಿಗೆ ಬಡತನ ಬಂದುಬಿಟ್ಟಿತು. ಮಂಟಪ ನಿಂತ ನೆಲ ಗುತ್ತಿಗೆಯದು, ಹರಾಜಿಗೆ ಬರುವಂತಿರಲಿಲ್ಲ. ಹರಾಜಿಗೆ ಬ್ಯಾಂಕಿನ ಕಣ್ಣಿಗೆ ಬಿದ್ದದ್ದು ಅಕ್ಕಯಮ್ಮನ ಮನೆ.

ಹೋದ ವಾರ ಶಶಿಧರ್ ಮೋಸಂಬಿ ಹಿಡಿದುಕೊಂಡು ಅವಳ ಮನೆಗೆ ಬಂದಿದ್ದ. “ನಾನು ನಿನ್ನ ಮನೇಲೇ ಇದೀನಿ, ನಂಗೇನೂ ಇಲ್ಲ ಅಂತ ಕೋರ್ಟಲ್ಲಿ ಹೇಳಕ್ಕ, ಸಾಕು. ಮಿಕ್ಕಿದ್ದು ಶಿವರಾಜ್ ಸಾರ್ ನೋಡ್ಕೋತಾರೆ.”

“ನನ್ನ ಮನೆ ಹೋದ್ರೆ?”

“ನಮ್ಮ ಜೊತೆ ಬಂದಿರು. ಹೇಮಶ್ರೀಗೂ ಅಡುಗೆಗೆ ಒಬ್ರು ಬೇಕು.”

ಅದನ್ನು ಉಪಕಾರ ಮಾಡುವವನಂತೆಯೇ ಹೇಳಿದ್ದ. ಹೆಂಡತಿಗೆ ಕೆಲಸದವಳು ಸಿಕ್ಕಳೆಂಬ ಸಮಾಧಾನ ಮುಖದ ಮೇಲಿತ್ತು.

“ಜಾಮೀನುದಾರರು ಬಂದಿದ್ದಾರಾ?” ನ್ಯಾಯಾಧೀಶರು ಕೇಳಿದರು. ಅಕ್ಕಯಮ್ಮ ಎದ್ದಳು. “ಏನಮ್ಮ, ಇವರು ನಿಮ್ಮ ಮನೆಯಲ್ಲೇ ಇರೋದಾ?”

ಶಶಿಧರ್ ತಿರುಗಿ ನೋಡಿದ. ಚಿಕ್ಕಂದಿನಲ್ಲಿ ಸೊಂಟದ ಮೇಲೆ ಹೊತ್ತು ತಿರುಗಿದ್ದ ಮುಖ.

“ಇಲ್ಲ ಸ್ವಾಮಿ,” ಎಂದಳು. “ವಸಂತಪುರದಲ್ಲಿ ಮೂರಂತಸ್ತಿನ ಮನೆ ಐತೆ, ಹೆಂಡ್ತಿ ಹೆಸ್ರಲ್ಲಿ. ಲಿಫ್ಟ್ ಐತೆ. ನಾಯಿ ಮಲಗೋ ರೂಮಿಗೂ ಏಸಿ ಹಾಕ್ಸವ್ನೆ. ಈ ಚಪ್ಪಲಿ ಮಾತ್ರ ಯಾರ್ದೋ ಗೊತ್ತಿಲ್ಲ.”

ಯಾರೋ ಕಿಸಕ್ಕನೆ ನಕ್ಕರು. ಶಿವರಾಜ್ ಕಡತದಲ್ಲಿ ಏನನ್ನೋ ಹುಡುಕತೊಡಗಿದ.

“ಗಂಡ ಹೆಂಡತಿ ಇಬ್ಬರ ಹೆಸರಿನ ಎಲ್ಲ ಆಸ್ತಿಯ ಪಟ್ಟಿ ಮಧ್ಯಾಹ್ನದೊಳಗೆ ಬರಬೇಕು, ಪ್ರಮಾಣ ಮಾಡಿ. ಒಂದು ಬಿಟ್ಟರೂ ಸುಳ್ಳು ಹೇಳಿದ ಕೇಸಾಗುತ್ತದೆ,” ಎಂದರು ನ್ಯಾಯಾಧೀಶರು. “ಈ ಅಮ್ಮನ ಮನೆಯ ಮಾತು ಆಮೇಲೆ.”

ಅಕ್ಕಯಮ್ಮ ಹೊರಗೆ ಬಂದು ಮೆಟ್ಟಿಲಿಳಿಯತೊಡಗಿದಳು. ಶಶಿಧರ್ ಹಿಂದೆಯೇ ಬಂದ. ಅವನ ಕಣ್ಣಲ್ಲಿ ನಿಜವಾಗಿಯೂ ನೀರಿತ್ತು.

“ಒಡಹುಟ್ಟಿದೋನ ಮಾನ ಕಳೆದ್ಯಲ್ಲಕ್ಕ.”

“ಇದ್ರೆ ಅದನ್ನೂ ಪಟ್ಟಿಗೆ ಸೇರ್ಸು,” ಎಂದಳು.

ಗೇಟಿನ ಹೊರಗೆ ಛತ್ರಿ ಬಿಚ್ಚಿ, ಮೇಜಿನ ಮೇಲೆ ಕಂಪ್ಯೂಟರ್ ಇಟ್ಟುಕೊಂಡಿದ್ದ ಟೈಪಿಸ್ಟ್ ದೀಪಕ್, ಶಿವರಾಜ್ ಹೇಳಿದ ಹೆಸರು ವಿಳಾಸಗಳನ್ನು ಹೊಡೆದು ಮುಗಿಸಿ ತಲೆಯೆತ್ತಿದ.

“ಆಸ್ತಿ ಎಷ್ಟಿದೆ ಸಾರ್? ಒಂದು ಹಾಳೇಲಿ ಆಗುತ್ತಾ?”

“ಹೂಂ, ಆಗುತ್ತೆ,” ಎಂದ ಶಶಿಧರ್.

ಅಕ್ಕಯಮ್ಮ ಅಲ್ಲಿದ್ದ ಸ್ಟೂಲನ್ನು ಎಳೆದುಕೊಂಡು ಕುಳಿತಳು. ಸೆರಗಿನಿಂದ ಮುಖದ ಬೆವರು ಒರೆಸಿಕೊಂಡಳು.

“ಬರ್ಕೊಳಪ್ಪ, ನಿಧಾನಕ್ಕೆ ಹೇಳ್ತೀನಿ. ಮೊದ್ಲು ವಸಂತಪುರ.”

ದೀಪಕ್ ಒಮ್ಮೆ ಅವಳನ್ನು, ಒಮ್ಮೆ ಶಶಿಧರನನ್ನು ನೋಡಿದ. ಆಮೇಲೆ ಮೇಜಿನ ಕೆಳಗಿನಿಂದ ಕಾಗದದ ಹೊಸ ಕಟ್ಟೊಂದನ್ನು ತೆಗೆದು, ಬಿಚ್ಚಿ, ಪ್ರಿಂಟರಿಗೆ ತುಂಬಿದ.