ಏಳು ವರ್ಷದ ದನಿ

ಇಪ್ಪತ್ತಾರು ವರ್ಷಗಳಿಂದ ಕುನಿಕೊ ಏಳು ವರ್ಷದ ಹುಡುಗ. ಭಾನುವಾರ ಸಂಜೆಯ ಕಾರ್ಟೂನಿನಲ್ಲಿ ಶಾಲೆಯಿಂದ ಓಡಿ ಬಂದು, "ಅಮ್ಮಾ, ಬಂದೇ!" ಎಂದು ಕೂಗುವ ಮಾಮೆತಾ ಎಂಬ ಹುಡುಗನ ದನಿ ಅವಳದು. ಹುಡುಗರ ಪಾತ್ರಕ್ಕೆ ಹೆಂಗಸರೇ ದನಿ ಕೊಡುವುದು ಈ ಕಸುಬಿನ ರೂಢಿ. ಹುಡುಗರ ಗಂಟಲು ಒಡೆಯುತ್ತದೆ, ಹೆಂಗಸರದು ಒಡೆಯುವುದಿಲ್ಲ. ಒಡೆಯದಿದ್ದರೂ ತಗ್ಗುತ್ತದೆ ಎಂಬುದು ಐವತ್ತೊಂಬತ್ತು ದಾಟಿದವಳಿಗೇ ಗೊತ್ತು.

ಆ ಮಂಗಳವಾರ ಮಧ್ಯಾಹ್ನ ಟೋಕಿಯೊದ ಸ್ಟುಡಿಯೊದಲ್ಲಿ ಅವಳು ಮೂರು ಸಲ ಕೂಗಿದಳು. ಗಾಜಿನಾಚೆಯಿಂದ ನಿರ್ದೇಶಕ ಶಿಬಾಯಾಮಾ ಮೂರು ಸಲವೂ ಮೆತ್ತಗೆ, ಇನ್ನೊಮ್ಮೆ ನೋಡೋಣ ಎಂದ.

"ನನ್ನ ಮಗನಿಗೆ ಶೀತ ಕಣ್ರಪ್ಪ. ನಾಳೆ ಸ್ಕೂಲಿಗೆ ಚಕ್ಕರ್," ಎಂದರು ಅಪ್ಪನ ಪಾತ್ರದ ಮುದುಕ ಒಇಶಿ. ಎಲ್ಲರೂ ನಕ್ಕರು. ಕುನಿಕೊಳೂ ನಕ್ಕಳು.

ಹೋದ ವಾರದ ಕೂಗನ್ನೊಮ್ಮೆ ಕೇಳಿಸಿ, ಅದೇ ಎತ್ತರಕ್ಕೆ ಹೊಂದಿಸಿಕೊಳ್ಳುತ್ತೇನೆ ಎಂದು ಅವಳೇ ಕೇಳಿದಳು. ಧ್ವನಿಮುದ್ರಣ ಯಂತ್ರದ ಮುಂದೆ ಅಂದು ಹೊಸಬಳೊಬ್ಬಳು ಕೂತಿದ್ದಳು. ಕೇಳಿಸಿದಳು. ಗಂಟೆ ಬಾರಿಸಿದಂಥ ದನಿ. ಅಷ್ಟು ಚೆನ್ನಾಗಿ ಕೂಗಿದ ನೆನಪೇ ಕುನಿಕೊಗೆ ಇರಲಿಲ್ಲ.

ಹೊಸಬಳು ಒಳ್ಳೆಯ ಮನಸ್ಸಿನಿಂದಲೇ ಹೇಳಿದಳು: "ಇದು ಆಮೇಲೆ ಯಂತ್ರದಲ್ಲಿ ಎತ್ತರಿಸಿದ್ದು ಮೇಡಂ. ಪ್ರತಿ ವಾರ ಮಾಡ್ತಾರಲ್ಲ. ನೀವು ಇಷ್ಟು ಕಷ್ಟಪಡೋದೇ ಬೇಡ."

ಎಲ್ಲರ ಕಣ್ಣೂ ಕೈಯಲ್ಲಿದ್ದ ಹಾಳೆಗಳ ಮೇಲೆ. ಒಇಶಿಯವರಂತೂ ಒಂದೇ ಸಾಲನ್ನು ಮತ್ತೆ ಮತ್ತೆ ಓದುತ್ತಿದ್ದರು. ಎಲ್ಲರಿಗೂ ಗೊತ್ತಿತ್ತು, ತನಗೊಬ್ಬಳಿಗೇ ಇಲ್ಲ ಎಂದು ಕುನಿಕೊಗೆ ಆಗ ತಿಳಿಯಿತು.

ಬಿಡುವಿನಲ್ಲಿ ಶಿಬಾಯಾಮಾ ಮೊಗಸಾಲೆಗೆ ಬಂದು, ಬಿಸಿ ಟೀ ತುಂಬಿದ ಮುಚ್ಚಿದ ಡಬ್ಬಿಯೊಂದನ್ನು ಅವಳ ಕೈಗಿಟ್ಟ. ಯಾವಾಗಿನಿಂದ ಎಂದು ಕೇಳಿದಳು. ಹೋದ ಏಪ್ರಿಲಿನಿಂದ ಎಂದ.

ಏಪ್ರಿಲಿನಿಂದ! ಅಷ್ಟೂ ವಾರ ಅವಳು ಉಪ್ಪುನೀರಲ್ಲಿ ಗಂಟಲು ಮುಕ್ಕಳಿಸಿ, ಬೇಸಿಗೆಯಲ್ಲೂ ಕುತ್ತಿಗೆಗೆ ಬಟ್ಟೆ ಸುತ್ತಿ ಮಲಗಿದ್ದಳು. ಭಾನುವಾರ ಟೀವಿ ಮುಂದೆ ಕೂತು, ಪರವಾಗಿಲ್ಲ, ಇನ್ನೂ ಇದೆ ಎಂದುಕೊಂಡಿದ್ದಳು. ಹಿರಿಯರಿಗೆ 'ಹೋಗಿ' ಎಂದು ಇಲ್ಲಿ ಯಾರೂ ಹೇಳುವುದಿಲ್ಲ. ಹಿರಿಯರೇ ಅರಿತು ಏಳಬೇಕು. ಅವಳು ಅರಿಯಲಿಲ್ಲ. ಅರಿಯದಷ್ಟು ಅಕ್ಕರೆಯಿಂದ ಇವರೆಲ್ಲ ಮುಚ್ಚಿಟ್ಟಿದ್ದರು. ಸಿಟ್ಟು ಮಾಡಿಕೊಳ್ಳಲೂ ಅವಳಲ್ಲಿ ಕಸುವಿರಲಿಲ್ಲ.

"ಮಾರ್ಚಿಗೆ ಬಿಟ್ಬಿಡ್ತೀನಿ ಕಣಪ್ಪ. ಬೇರೆ ಯಾರನ್ನಾದ್ರೂ..."

ಮಾತು ಮುಗಿಯುವ ಮೊದಲೇ ಅವನು ಬಾಗಿದ. ಸೊಂಟದಿಂದ ಪೂರ್ತಿ, ಬೆನ್ನು ಹಲಗೆಯಾಗುವಂತೆ. ಬಿಡುತ್ತೇನೆ ಎಂದವರಿಗೆ ಎರಡು ಸಲವಾದರೂ 'ಬೇಡ' ಅನ್ನುವುದು ವಾಡಿಕೆ. ಒಂದು ಸಲ ಅಂದಿದ್ದರೂ ಸಾಕಿತ್ತು. ಆ ಒಂದು 'ಬೇಡ'ಕ್ಕಾಗಿ ತಾನು ಕಾದಿದ್ದೆ ಎಂಬುದು ಅವನು ಬಾಗಿದ ಮೇಲೇ ಅವಳಿಗೆ ತಿಳಿದದ್ದು.

"ಏಳು, ಸೊಂಟ ಹಿಡ್ಕೊಂಡೀತು," ಎಂದಳು.

ಅವನು ಎದ್ದ. ಕಣ್ಣು ಒದ್ದೆಯಾಗಿತ್ತು. ಹೆಗಲು ಮಾತ್ರ ಹೊರೆ ಇಳಿಸಿದವನಂತೆ ಸಡಿಲವಾಗಿತ್ತು.

"ಒಬ್ಬಳನ್ನ ನೋಡಿಟ್ಟಿದ್ದೀಯಾ?"

"ಹೂಂ ಅಕ್ಕ."

"ಚೆನ್ನಾಗಿ ಕೂಗ್ತಾಳಾ?"

ಅವನು ತಡವರಿಸಲಿಲ್ಲ. "ತುಂಬಾ ಚೆನ್ನಾಗಿ ಕೂಗ್ತಾಳೆ."

ಸುಮಾರು ಒಂದು ವರ್ಷದಲ್ಲಿ ಕೂಗಿನ ಬಗ್ಗೆ ಅವನು ಅವಳ ಮುಖಕ್ಕೆ ಹೇಳಿದ ಮೊದಲ ನಿಜ ಅದು. ನೋವಾಯಿತು. ಆದರೂ ಅವಳು ಡಬ್ಬಿ ತೆರೆದು ಒಂದು ಗುಟುಕು ಕುಡಿದಳು. ಗಂಟಲನ್ನು ಕಾಪಾಡುವ ಗೊಡವೆಯಿಲ್ಲದೆ, ಸುಮ್ಮನೆ, ಟೀ ಕುಡಿಯುವಂತೆ.