ಖಾಲಿ ಜೋಲಿ

"ಮೆಲ್ಲಗೆ ತೂಗ್ರಿ ಕರಿಸಿದ್ದಪ್ಪ, ನಿಮ್ಮ ಹೊಳಲ್ಕೆರೆ ಬಸ್ಸಲ್ಲ ಇದು," ಎಂದು ಕಂಬಳಿ ಜೋಲಿಯೊಳಗಿಂದ ವಕೀಲ ಪರಮೇಶ್ ಗೊಣಗಿದ.

"ಕೇಸು ಮುಂದಕ್ಕೆ ಹೋಗೈತೆ, ಕಣ್ಮುಚ್ರಿ ವಕೀಲ್ರೇ," ಎಂದು ಕರಿಸಿದ್ದಪ್ಪ ಕೋರ್ಟಿನ ಜಡ್ಜ್ ಸಾಹೇಬರ ಮೂಗುದನಿ ಅಣಕಿಸುತ್ತ ಅಂದ. ಗೋಡೆಗೊರಗಿ ಕುಳಿತಿದ್ದ ಐದಾರು ಜನ ಕಿಸಕ್ಕೆಂದರು.

ಹೊಸದುರ್ಗದಲ್ಲಿ, ಎಪ್ಪತ್ತರ ಏಕನಾಥಮ್ಮನ ಹಳೇ ಮಗ್ಗದ ಮನೆಯಲ್ಲಿ, ಭಾನುವಾರ ಮಧ್ಯಾಹ್ನ ಸೇರುವ ಈ ದೊಡ್ಡವರ ಜೋಲಿ ಸಂಘಕ್ಕೆ ಬೋರ್ಡಿಲ್ಲ. ತೊಲೆಗೆ ಹಗ್ಗ ಬಿಗಿದು ಎರಡು ಕರಿಕಂಬಳಿ ಸೇರಿಸಿ ಒಂದು ಜೋಲಿ ಕಟ್ಟಿದ್ದಾರೆ, ಅಷ್ಟೇ. ಒಬ್ಬರು ಮಲಗಬೇಕು, ಒಬ್ಬರು ತೂಗಬೇಕು, ಏಕನಾಥಮ್ಮ ಜೋಗುಳ ಹಾಡಬೇಕು. ಕಾಲುಗಂಟೆ ನಿದ್ದೆಯೋ ಅಳುವೋ, ಅವರವರ ಪಾಲಿಗೆ ಬಂದದ್ದು. ಯಾಕೆಂದು ಯಾರೂ ಕೇಳುವಂತಿಲ್ಲ.

ಬಸ್ ಕಂಡಕ್ಟರ್ ಕರಿಸಿದ್ದಪ್ಪ ಐದು ವಾರದಿಂದ ಬರುತ್ತಿದ್ದ. ಹಗ್ಗ ಮಾತ್ರ ಬಿಟ್ಟವನಲ್ಲ. ಆರು ತಮ್ಮ ತಂಗಿಯರನ್ನು ತೂಗಿದ ಕೈ ಅದು. ತನ್ನನ್ನು ಯಾರಾದರೂ ತೂಗಿದ್ದು ಅವನಿಗೆ ನೆನಪಿಲ್ಲ. ಬಂದದ್ದೇ ಅದಕ್ಕೆ. ಆದರೆ ಸರದಿ ಬಂದಾಗಲೆಲ್ಲ "ತೊಂಬತ್ತು ಕೇಜಿ ಲಗೇಜು ಕಣ್ರೀ, ಚಾರ್ಜ್ ಆಗ್ತೈತೆ" ಎಂದು ನಗಿಸಿ ಜಾರಿಕೊಳ್ಳುತ್ತಿದ್ದ. ಇವತ್ತೂ ಮಲಗದಿದ್ದರೆ ಇನ್ನು ಬರುವುದೇ ಬೇಡ ಎಂದು ಮನೆಯಲ್ಲೇ ತೀರ್ಮಾನಿಸಿಕೊಂಡು ಹೊರಟಿದ್ದ.

ಪರಮೇಶ್ ಇಳಿದು ಚಹಾಕ್ಕೆ ಕೈಚಾಚಿದ. ಮಾತು ಅಲ್ಲಿ ಇಲ್ಲಿ ಹೊರಳಿತು. ಕರಿಸಿದ್ದಪ್ಪ ಬರಿದಾದ ಕಂಬಳಿ ನೋಡುತ್ತ ನಿಂತ.

"ಅಯ್ಯೋ, ಏನ್ ಮಾಡ್ತಿದ್ದೀಯೋ!" ಏಕನಾಥಮ್ಮ ಚೀರಿದಳು. "ಖಾಲಿ ಜೋಲಿ ತೂಗಬಾರ್ದು ಅಂತ ಗೊತ್ತಿಲ್ವೇನೋ? ಕೂಸಿಗೆ ಹೊಟ್ಟೆನೋವು ಬರ್ತೈತೆ!"

ಅವನ ಕೈ ತನ್ನ ಪಾಡಿಗೆ ತಾನು ಹಗ್ಗ ಎಳೆಯುತ್ತಲೇ ಇತ್ತು.

"ಯಾವ ಕೂಸಿಗಮ್ಮ? ಇಲ್ಲಿರೋವೆಲ್ಲ ಬಿಪಿ ಶುಗರಿನ ಕೂಸುಗಳು," ಎಂದ ಪರಮೇಶ್.

"ಶಾಸ್ತ್ರ ಅಂದ್ರೆ ಶಾಸ್ತ್ರ. ತೂಗಿದೋನೇ ಜೋಲಿ ತುಂಬಬೇಕು. ಹತ್ತು ಲೇ!"

ಕರಿಸಿದ್ದಪ್ಪ ಹಗ್ಗ ಬಿಟ್ಟ. ಕನ್ನಡಕ ತೆಗೆದು ಪಕ್ಕದವರ ಕೈಗಿಟ್ಟು ಹತ್ತಿದ. ತೊಲೆ ಕಿರ್ರೆಂದು ಸುಮ್ಮನಾಯಿತು. ಉಣ್ಣೆಯ ಕಾವು ಎರಡೂ ಕಡೆಯಿಂದ ಅವನನ್ನು ಒತ್ತಿಕೊಂಡಿತು. ಪರಮೇಶ್ ಹಗ್ಗ ಹಿಡಿದ. ಏಕನಾಥಮ್ಮನ ಹಾಡು ಮುಗಿಯುವಷ್ಟರಲ್ಲಿ ಒಳಗಿನ ಉಸಿರು ನಿಧಾನವಾಗಿತ್ತು.

ಬೀದಿಯಲ್ಲಿ ದಾಳಿಂಬೆ ಗಾಡಿಯವನು ಕೂಗುತ್ತ ಬಂದ. ಏಕನಾಥಮ್ಮ ಬಾಗಿಲಿಗೆ ಓಡಿ ತುಟಿಯ ಮೇಲೆ ಬೆರಳಿಟ್ಟಳು.

"ಕೂಸು ಮಲಗೈತಾ ಅಮ್ಮಾ?" ಅವನು ಪಿಸುಗುಟ್ಟಿದ.

"ಹೂಂ. ಈಗ ಕಣ್ಮುಚ್ಚೈತೆ."

ಅವನು ಆ ಮನೆ ದಾಟುವ ತನಕ ಗಾಡಿಯನ್ನು ಸದ್ದಾಗದಂತೆ ತಳ್ಳಿಕೊಂಡು ಹೋದ.